ಟ್ಯಾಂಕ್ ಸತ್ತಿಲ್ಲ, ಒಳಗಿದ್ದವರು ಸತ್ತರು

ಟ್ಯಾಂಕಿನ ತಿಥಿ ಮಾಡುವವರಿಗೆ ನಮ್ಮಲ್ಲಿ ಬರವಿಲ್ಲ. 2020ರಲ್ಲಿ ನಾಗೋರ್ನೋ-ಕರಾಬಾಖ್‌ನಲ್ಲಿ ಅಜರ್ಬೈಜಾನಿನ ಡ್ರೋನ್‌ಗಳು ಎದುರಾಳಿಯ ಟ್ಯಾಂಕ್‌ಗಳನ್ನು ಮೇಲಿನಿಂದ ಹೊಡೆದಾಗ ಒಮ್ಮೆ ಮಾಡಿದರು. 2022ರಲ್ಲಿ ರಷ್ಯಾದ ಟ್ಯಾಂಕ್‌ಗಳು ಕೀವ್ ದಾರಿಯಲ್ಲಿ ಸುಟ್ಟು ನಿಂತಾಗ ಮತ್ತೊಮ್ಮೆ ಮಾಡಿದರು. ಈಗ ಕೆಲವು ನೂರು ಡಾಲರಿನ ಡ್ರೋನ್ ಒಂದು ಟ್ಯಾಂಕಿನ ನೆತ್ತಿಗೆ ಎರಗುವ ವಿಡಿಯೋ ವಾಟ್ಸಾಪಿನಲ್ಲಿ ಬಂದಾಗಲೆಲ್ಲ ಮಾಡುತ್ತಾರೆ. ಇಂಗ್ಲಿಷ್ ಬರಹಗಳನ್ನು ಕನ್ನಡಕ್ಕೆ ತಂದು ಹೊಟ್ಟೆ ಹೊರೆಯುವ ನಾನು 'ಟ್ಯಾಂಕ್ ಯುಗ ಮುಗಿಯಿತು' ಎಂಬ ವಾಕ್ಯವನ್ನು ಎಷ್ಟು ಸಲ ಟೈಪ್ ಮಾಡಿದ್ದೇನೋ ಲೆಕ್ಕವಿಲ್ಲ. ಆ ವಾಕ್ಯ ಸುಳ್ಳು. ಅಷ್ಟೇ ಆಗಿದ್ದರೆ ಸುಮ್ಮನಿರಬಹುದಿತ್ತು. ಅದು ತಪ್ಪಿತಸ್ಥರನ್ನು ಬಚ್ಚಿಡುವ ವಾಕ್ಯ ಕೂಡ. ಅದಕ್ಕೇ ಈ ಜಗಳ.

ಮೊದಲು ಒಂದು ವಿಷಯ ಒಪ್ಪಿಕೊಂಡುಬಿಡೋಣ. ಟ್ಯಾಂಕ್ ಯಾವತ್ತೂ ವಜ್ರಕಾಯವಾಗಿರಲಿಲ್ಲ. 1916ರ ಸೆಪ್ಟೆಂಬರ್ 15ರಂದು ಫ್ರಾನ್ಸಿನ ಸೊಮ್ ನದಿಯ ರಣರಂಗದಲ್ಲಿ ಅದು ಮೊದಲ ಬಾರಿ ಕಾಣಿಸಿಕೊಂಡಾಗ ಬ್ರಿಟಿಷರ ಬಳಿ ಇದ್ದದ್ದು 49 ಟ್ಯಾಂಕ್. ಅವುಗಳಲ್ಲಿ ಸುಮಾರು ಮೂರನೇ ಒಂದು ಪಾಲು ಹೊರಡುವ ಗೆರೆಯನ್ನೇ ತಲುಪಲಿಲ್ಲ. 1917ರ ನವೆಂಬರ್ 20ರಂದು ಕಾಂಬ್ರೇಯಲ್ಲಿ ನಾನೂರಕ್ಕೂ ಹೆಚ್ಚು ಟ್ಯಾಂಕ್‌ಗಳು ಒಟ್ಟಿಗೆ ನುಗ್ಗಿದವು. ಆ ಒಂದೇ ದಿನ ಕೆಲಸಕ್ಕೆ ಬಾರದಂತಾದವು 179. ಅದರಲ್ಲಿ ಶತ್ರುವಿನ ಹೊಡೆತಕ್ಕೆ ಬಿದ್ದವು 65 ಮಾತ್ರ, 71 ಯಂತ್ರ ಕೆಟ್ಟು ನಿಂತವು, 43 ಹಳ್ಳಕ್ಕೆ ಬಿದ್ದವು ಇಲ್ಲವೇ ಕೆಸರಲ್ಲಿ ಹೂತವು. ಮರುವರ್ಷ ಜರ್ಮನರು 13.2 ಮಿಲಿಮೀಟರಿನ ಮೌಸರ್ ಕೋವಿ ತಂದರು. ಇಬ್ಬರು ಸೇರಿ ಹೊರಬೇಕಾದ, ಹಾರಿಸಿದವನ ಭುಜವನ್ನೇ ಜಜ್ಜುವ ಕೋವಿ. ಟ್ಯಾಂಕ್ ಹೊಡೆಯಲೆಂದೇ ಮಾಡಿದ ಮೊದಲ ಬಂದೂಕು ಅದು. ಟ್ಯಾಂಕ್ ಹುಟ್ಟಿ ಎರಡು ವರ್ಷ ಆಗುವುದರೊಳಗೆ ಅದರ ಮೃತ್ಯುವೂ ಹುಟ್ಟಿತ್ತು. ಆಮೇಲಿನ ನೂರು ವರ್ಷ ಇವೆರಡೂ ಜೊತೆಯಲ್ಲೇ ಬೆಳೆದಿವೆ.

ಆ ಹೆಸರಿನ ಕಥೆಯನ್ನೂ ಇಲ್ಲೇ ಹೇಳಿಬಿಡುತ್ತೇನೆ, ಭಾಷಾವಿಜ್ಞಾನ ಓದಿದವರ ಚಟ. 1915ರ ಕೊನೆಯಲ್ಲಿ ಗುಟ್ಟು ಕಾಪಾಡಲು ಈ ಯಂತ್ರವನ್ನು ನೀರಿನ ತೊಟ್ಟಿ ಎಂದು ಕರೆದರು. ಇಂಗ್ಲಿಷಿನ ಆ ಪದವೋ, ಗುಜರಾತಿ-ಮರಾಠಿಯ ಕಡೆಯಿಂದ ಹೋದದ್ದು ಎನ್ನುತ್ತವೆ ನಿಘಂಟುಗಳು, ಪೋರ್ಚುಗೀಸಿನ ಕೈವಾಡವೂ ಇರಬಹುದು. ಪುಣೆಯಲ್ಲಿರುವವರು ಸಿಂಹಗಡ ಹತ್ತಿದಾಗ ದೇವಟಾಕೆಯ ನೀರು ಕುಡಿದಿದ್ದರೆ ಆ ಪದದ ತವರನ್ನು ಮುಟ್ಟಿ ಬಂದಿದ್ದೀರಿ. ಸುಳ್ಳು ಹೇಳಲು ಇಟ್ಟ ಹೆಸರೇ ಕೊನೆಗೆ ನಿಜವಾಗಿ ಉಳಿಯಿತು.

ಎರಡನೇ ಮಹಾಯುದ್ಧದಲ್ಲಿ ಟ್ಯಾಂಕ್ ಹೊಡೆಯುವ ಕೆಲಸ ಒಬ್ಬ ಸಾಮಾನ್ಯ ಕಾಲಾಳಿನ ಹೆಗಲಿಗೆ ಬಂತು. ಅಮೆರಿಕದ ಬಝೂಕಾ, ಜರ್ಮನಿಯ ಪಾಂಜರ್‌ಫೌಸ್ಟ್, ಆಮೇಲೆ ಸೋವಿಯತ್ ಆರ್‌ಪಿಜಿ. ಇವುಗಳ ಗುಟ್ಟು ಒಂದೇ. ಸಿಡಿಮದ್ದಿನ ಮುಂಭಾಗದಲ್ಲಿ ಆಲಿಕೆಯ ಆಕಾರದ ಒಂದು ತೆಳು ಲೋಹದ ಹಾಳೆ. ಮದ್ದು ಸಿಡಿದಾಗ ಆ ಹಾಳೆ ಒಳಕ್ಕೆ ಕುಸಿದು, ಸೆಕೆಂಡಿಗೆ ಹಲವು ಕಿಲೋಮೀಟರ್ ವೇಗದಲ್ಲಿ ಸೂಜಿಯಂತೆ ಚಿಮ್ಮಿ ಉಕ್ಕನ್ನು ತೂರುತ್ತದೆ. ಇದು ಉಕ್ಕನ್ನು ಕರಗಿಸಿ ಒಳನುಗ್ಗುತ್ತದೆ ಎಂದು ಬರೆಯುವ ರೂಢಿ ಇದೆ. ಕಾರಣ ತಮಾಷೆಯದು: ಈ ಬಗೆಯ ಗುಂಡಿನ ಇಂಗ್ಲಿಷ್ ಹೆಸರಿನ ಮೊದಲಕ್ಷರಗಳನ್ನು ಸೇರಿಸಿದರೆ 'ಹೀಟ್' ಎಂದಾಗುತ್ತದೆ. ಶಾಖಕ್ಕೂ ಅದಕ್ಕೂ ಸಂಬಂಧವಿಲ್ಲ. ತೂತು ಮಾಡುವುದು ಒತ್ತಡ ಮತ್ತು ವೇಗ.

ಈಗ ನಮ್ಮದೇ ನೆಲಕ್ಕೆ ಬರೋಣ. 1965ರ ಸೆಪ್ಟೆಂಬರ್, ಪಂಜಾಬಿನ ಖೇಮ್‌ಕರಣ್ ಬಳಿಯ ಅಸಲ್ ಉತ್ತರ್. ಈ ಕಾಳಗ ನಮ್ಮ ನೆನಪಿನಲ್ಲಿ ಉಳಿದಿರುವುದು ಒಂದೇ ಚಿತ್ರವಾಗಿ: ತೆರೆದ ಜೀಪು, ಅದರ ಮೇಲೊಂದು 106 ಮಿ.ಮೀ. ತೋಪು, ಎದುರಿಗೆ ಅಮೆರಿಕನ್ ಪ್ಯಾಟನ್ ಟ್ಯಾಂಕ್‌ಗಳು, ಜೀಪಿನಲ್ಲಿ ಹವಾಲ್ದಾರ್ ಅಬ್ದುಲ್ ಹಮೀದ್. ಆ ತೋಪು ಹಾರಿದಾಗ ಹಿಂದಿನಿಂದ ಬೆಂಕಿ, ಧೂಳು ಏಳುತ್ತದೆ. ಎಲ್ಲಿಂದ ಹೊಡೆದರು ಎಂದು ಶತ್ರುವಿಗೆ ತಕ್ಷಣ ಗೊತ್ತಾಗುತ್ತದೆ, ಹಾಗಾಗಿ ಹೊಡೆದ ಮರುಕ್ಷಣ ಜಾಗ ಬದಲಿಸಬೇಕು. ಹಮೀದ್ ಅದನ್ನು ಮತ್ತೆ ಮತ್ತೆ ಮಾಡಿ, ಕೊನೆಗೆ ಜಾಗ ಬದಲಿಸದೆ ನಿಂತು ಸತ್ತರು. ಪರಮವೀರ ಚಕ್ರಕ್ಕೆ ಅದಕ್ಕಿಂತ ದೊಡ್ಡ ಕಾರಣ ಬೇಡ.

ಆದರೆ ಆ ಒಂದು ಚಿತ್ರದಿಂದ 'ಜೀಪು ಟ್ಯಾಂಕನ್ನು ಸೋಲಿಸಿತು' ಎಂಬ ನೀತಿ ತೆಗೆದವರು ಉಳಿದ ಅರ್ಧ ಕಾಳಗವನ್ನು ಮರೆತಿದ್ದಾರೆ. ಕಾಲುವೆ ಒಡೆದು ಹೊಲಗಳಿಗೆ ನೀರು ಬಿಟ್ಟಿದ್ದರು, ಭಾರದ ಪ್ಯಾಟನ್‌ಗಳು ಕೆಸರಲ್ಲಿ ಸಿಕ್ಕಿಬಿದ್ದವು. ಕಬ್ಬಿನ ಗದ್ದೆಗಳ ಮರೆಯಲ್ಲಿ ಲಾಳಾಕಾರದಲ್ಲಿ ಕಾದು ಕುಳಿತಿದ್ದವು ನಮ್ಮದೇ ಟ್ಯಾಂಕ್‌ಗಳು: ಮೂರನೇ ಕ್ಯಾವಲ್ರಿಯ ಸೆಂಚುರಿಯನ್‌ಗಳು, ಡೆಕ್ಕನ್ ಹಾರ್ಸ್‌ನ ಶರ್ಮನ್‌ಗಳು. ಹಿಂದೆ ಫಿರಂಗಿ ದಳ, ಮುಂದೆ ಅಗೆದ ಗುಂಡಿಗಳಲ್ಲಿ ಗ್ರೆನೇಡಿಯರ್‌ಗಳು. ಪಾಕಿಸ್ತಾನ ಅಲ್ಲಿ ಕಳೆದುಕೊಂಡ ಟ್ಯಾಂಕ್‌ಗಳು 97 ಎನ್ನುತ್ತದೆ ಭಾರತದ ಲೆಕ್ಕ. ಅವನ್ನು ಸಾಲಾಗಿ ನಿಲ್ಲಿಸಿದ ಜಾಗಕ್ಕೆ ಜನ ಪ್ಯಾಟನ್ ನಗರ ಎಂದೇ ಹೆಸರಿಟ್ಟರು. ಆ ಕಾಲದ ಒಳ್ಳೆಯ ಟ್ಯಾಂಕ್‌ಗಳಲ್ಲೊಂದನ್ನು, ನೆಲ ನೋಡದೆ, ಕಾಲಾಳು ಪಡೆಯನ್ನು ಜೊತೆಗೆ ಸರಿಯಾಗಿ ಕಟ್ಟಿಕೊಳ್ಳದೆ ಮುಂದೆ ದೂಡಿದ ಸೇನಾನಾಯಕರ ಸೋಲು ಅದು. 1971ರಲ್ಲಿ ಲೋಂಗೇವಾಲಾದಲ್ಲೂ ಅದೇ. ವಿಮಾನದ ಆಸರೆಯಿಲ್ಲದೆ ಮರಳಿಗೆ ಬಂದ ಪಾಕಿಸ್ತಾನಿ ಟ್ಯಾಂಕ್‌ಗಳನ್ನು ಬೆಳಗಾಗುತ್ತಿದ್ದಂತೆ ಜೈಸಲ್ಮೇರಿನಿಂದ ಹಾರಿದ ಹಂಟರ್‌ಗಳು ಮುಗಿಸಿದವು. ಸಿನಿಮಾದಲ್ಲಿ ಇಡೀ ರಾತ್ರಿ ಬೇರೆ ಏನೇನೋ ನಡೆಯುತ್ತದೆ, ಬಿಡಿ.

ಟ್ಯಾಂಕಿನ ಅತಿ ದೊಡ್ಡ ತಿಥಿ ನಡೆದದ್ದು 1973ರ ಅಕ್ಟೋಬರಿನಲ್ಲಿ. ಸೂಯೆಜ್ ಕಾಲುವೆ ದಾಟಿ ಬಂದ ಈಜಿಪ್ಟಿನ ಕಾಲಾಳುಗಳ ಕೈಯಲ್ಲಿ ಸೂಟ್‌ಕೇಸಿನಲ್ಲಿ ಹೊತ್ತು ತರಬಹುದಾದ ಸೋವಿಯತ್ ಕ್ಷಿಪಣಿ ಇತ್ತು, ಹೆಸರು ಮಾಲ್ಯುಟ್ಕಾ. ಹಿಂದೆ ತಂತಿ ಬಿಚ್ಚಿಕೊಳ್ಳುತ್ತಾ ಹಾರುವ ಅದನ್ನು ಒಂದು ಪುಟ್ಟ ಸನ್ನೆಕೋಲಿನಿಂದ ಕೊನೆಯವರೆಗೂ ನಡೆಸಬೇಕು. 1967ರ ಗೆಲುವಿನ ಅಮಲಿನಲ್ಲಿದ್ದ ಇಸ್ರೇಲ್ ಟ್ಯಾಂಕ್ ಒಂದೇ ಸಾಕು ಎಂದು ನಂಬಿ ಕಾಲಾಳು ಪಡೆ, ಮಾರ್ಟರ್‌ಗಳನ್ನು ಕಡೆಗಣಿಸಿತ್ತು. ಅಕ್ಟೋಬರ್ 8ರಂದು ಟ್ಯಾಂಕ್‌ಗಳನ್ನು ಬರಿಗೈಯಲ್ಲಿ ನುಗ್ಗಿಸಿ ಪೆಟ್ಟು ತಿಂದಿತು. ಜಗತ್ತಿನ ಪತ್ರಿಕೆಗಳು ಟ್ಯಾಂಕ್ ಮುಗಿಯಿತು ಎಂದವು.

ಅವರು ಇನ್ನೊಂದು ವಾರ ಕಾಯಬೇಕಿತ್ತು. ಮಾಲ್ಯುಟ್ಕಾ ಮೂರು ಕಿಲೋಮೀಟರ್ ಹಾರಲು ಇಪ್ಪತ್ತೈದು ಸೆಕೆಂಡಿನಷ್ಟು ಬೇಕು. ಅಷ್ಟು ಹೊತ್ತು ಅದನ್ನು ನಡೆಸುವವನು ತಲೆ ಎತ್ತಿರಲೇಬೇಕು. ಅವನ ಮೇಲೆ ಗುಂಡಿನ ಮಳೆ ಸುರಿದರೆ ಕೈ ನಡುಗುತ್ತದೆ, ಕ್ಷಿಪಣಿ ದಾರಿ ತಪ್ಪುತ್ತದೆ. ಇಸ್ರೇಲಿಗಳು ಅದನ್ನು ಕಲಿತರು. ಅಕ್ಟೋಬರ್ 14ರಂದು ಈಜಿಪ್ಟಿನ ಟ್ಯಾಂಕ್‌ಗಳು ತಮ್ಮ ವಿಮಾನನಿರೋಧಕ ಕ್ಷಿಪಣಿಗಳ ಕೊಡೆ ಬಿಟ್ಟು ಬಯಲಿಗೆ ಬಂದು ಇನ್ನೂರಕ್ಕೂ ಹೆಚ್ಚು ಸುಟ್ಟುಹೋದವು, ಬಹುಪಾಲು ಇಸ್ರೇಲಿ ಟ್ಯಾಂಕ್‌ಗಳ ಗುಂಡಿಗೇ. ಯುದ್ಧ ಮುಗಿದ ಮೇಲೆ ಇಸ್ರೇಲ್ ಟ್ಯಾಂಕ್ ಬಿಡಲಿಲ್ಲ. ಮೆರ್ಕಾವಾ ಎಂಬ ತನ್ನದೇ ಟ್ಯಾಂಕಿನಲ್ಲಿ ಎಂಜಿನ್ನನ್ನು ಮುಂದಕ್ಕೆ ತಂದು, ಮನುಷ್ಯರನ್ನು ಅದರ ಹಿಂದೆ ಕೂರಿಸಿತು. ಎಂಜಿನ್ ಹೋದರೂ ಹುಡುಗರು ಉಳಿಯಲಿ ಎಂಬ ಲೆಕ್ಕ.

ಈ ಲೆಕ್ಕವನ್ನೇ ಉಕ್ರೇನ್ ವಿಡಿಯೋ ನೋಡುವವರು ಹಾಕುತ್ತಿಲ್ಲ. ಟಿ-72 ಹೊಡೆತ ತಿಂದಾಗ ಅದರ ಮೇಲಿನ ತಿರುಗುವ ಗೋಪುರ ಕುಕ್ಕರ್ ಮುಚ್ಚಳದಂತೆ ಹಾರುವುದನ್ನು ನೀವೂ ನೋಡಿರುತ್ತೀರಿ. ಕೆಳಗೆ ನಗುವ ಇಮೋಜಿಗಳ ಸಾಲು. ಕಾರಣ ಇಷ್ಟು: ಸೋವಿಯತ್ ವಿನ್ಯಾಸಕಾರರು ಟ್ಯಾಂಕನ್ನು ತಗ್ಗಾಗಿ, ಹಗುರವಾಗಿ ಮಾಡಲು ಗುಂಡು ತುಂಬುವ ನಾಲ್ಕನೆಯವನನ್ನು ತೆಗೆದು ಯಂತ್ರ ಇಟ್ಟರು. ಆ ಯಂತ್ರದ ದುಂಡನೆಯ ತಟ್ಟೆಯಲ್ಲಿ 22 ಗುಂಡು, ಅವುಗಳ ಮದ್ದು. ಉಳಿದವು ಸುತ್ತಮುತ್ತ ಸಂದಿಗಳಲ್ಲಿ. ಕಮಾಂಡರ್ ಮತ್ತು ಗನ್ನರ್ ಕೂರುವುದು ಆ ತಟ್ಟೆಯ ಮೇಲೆಯೇ. ಅಮೆರಿಕದ ಏಬ್ರಮ್ಸ್‌ನಲ್ಲಿ ಮದ್ದು ಗೋಪುರದ ಹಿಂಭಾಗದಲ್ಲಿ, ಉಕ್ಕಿನ ಬಾಗಿಲಿನ ಆಚೆ ಇರುತ್ತದೆ. ಹೊತ್ತಿಕೊಂಡರೆ ಮೇಲಿನ ಹಲಗೆ ಕಿತ್ತು ಬೆಂಕಿ ಹೊರಗೆ ಹೋಗುತ್ತದೆ. ಅದೂ ಉಕ್ರೇನಿನಲ್ಲಿ ಡ್ರೋನಿಗೆ ಸಿಕ್ಕಿದೆ, ಆದರೆ ಅದರಿಂದ ಹೊರಗೆ ಓಡಿಬರಲು ಸಮಯ ಸಿಗುತ್ತದೆ.

'ಮೂರು ಟ್ಯಾಂಕ್ ಉರಿದವು' ಎಂದು ನಾವು ಬರೆಯುತ್ತೇವೆ. ವ್ಯಾಕರಣ ಸರಿಯಾಗಿಯೇ ಇದೆ, ನಪುಂಸಕಲಿಂಗ, ಬಹುವಚನ. ಟಿ-72 ಆದರೆ ಒಳಗಿದ್ದ ಒಂಬತ್ತು ಮಂದಿ ಆ 'ದವು' ಪ್ರತ್ಯಯದಲ್ಲೇ ಮುಗಿದುಹೋದರು. 'ನಾಶವಾಯಿತು' ಎಂಬುದಂತೂ ಇನ್ನೂ ಅನುಕೂಲ. ಕಳಿಸಿದವನೂ ಇಲ್ಲ, ವಿನ್ಯಾಸ ಮಾಡಿದವನೂ ಇಲ್ಲ, ತಾನಾಗಿ ಆಯಿತು. 1994ರ ಕೊನೆಯ ರಾತ್ರಿ ಗ್ರೋಜ್ನಿ ನಗರದ ಬೀದಿಗಳಿಗೆ ರಷ್ಯಾದ ಸೇನಾಪತಿಗಳು ಕಾಲಾಳು ಕಾವಲಿಲ್ಲದೆ ಟ್ಯಾಂಕ್ ನುಗ್ಗಿಸಿದಾಗ, ನೆಲಮಾಳಿಗೆ ಮತ್ತು ಮಹಡಿಗಳಿಂದ ಬಂದ ಆರ್‌ಪಿಜಿಗಳು ಒಂದು ಬ್ರಿಗೇಡನ್ನೇ ಅಳಿಸಿದವು. 2022ರಲ್ಲೂ ಅದೇ ಸೇನೆ ಹೆದ್ದಾರಿಯ ಮೇಲೆ ಸಾಲುಗಟ್ಟಿ ಹೊರಟಿತು. ಟ್ಯಾಂಕ್ ಹಳತಾಯಿತು ಎಂದುಬಿಟ್ಟರೆ ಆ ಸೇನಾಪತಿಗಳಿಗೆ ಪೂರ್ತಿ ಖುಲಾಸೆ.

ಡ್ರೋನ್ ಬೇರೆ, ಹಳೆಯ ಉದಾಹರಣೆ ತರಬೇಡಿ ಎನ್ನುವವರಿದ್ದಾರೆ. ಅವರ ಮಾತಿನಲ್ಲಿ ತೂಕವಿದೆ. ಮಾಲ್ಯುಟ್ಕಾ ಬಿಟ್ಟವನು ಎದುರಿಗೆ ಇರಬೇಕಿತ್ತು, ಡ್ರೋನ್ ನಡೆಸುವವನು ಹಲವು ಕಿಲೋಮೀಟರ್ ದೂರದ ನೆಲಮಾಳಿಗೆಯಲ್ಲಿರುತ್ತಾನೆ. ಕವಚ ತೆಳುವಾಗಿರುವ ನೆತ್ತಿಯನ್ನೇ ಅದು ಹುಡುಕುತ್ತದೆ. ಒಂದು ತಪ್ಪಿದರೆ ಇನ್ನೊಂದು ಬರುತ್ತದೆ. ಉಕ್ರೇನಿನಲ್ಲಿ ಟ್ಯಾಂಕ್‌ಗಳು ಈಗ ಕಬ್ಬಿಣದ ಪಂಜರ ಹೊದ್ದು, ಹೆಚ್ಚು ಹೊತ್ತು ಅಡಗಿಯೇ ಇರುತ್ತವೆ. ನಿಜ. ಆದರೆ ಅದೇ ಬಯಲಿನಲ್ಲಿ ಲಾರಿ, ಆಂಬುಲೆನ್ಸ್, ಬೈಕು, ಬರಿಗಾಲಿನ ಸೈನಿಕ, ಯಾವುದು ಸುರಕ್ಷಿತ? ಅಗ್ಗದ ವಸ್ತುವಿನಿಂದ ಸಾಯುವುದೆಲ್ಲ ಹಳತಾದರೆ ಮೊದಲು ಹಳತಾಗಬೇಕಿದ್ದವನು ಕಾಲಾಳು, ಅವನನ್ನು ಕೊಲ್ಲಲು ಒಂದೇ ಗುಂಡು ಸಾಕು. ಉಕ್ರೇನ್‌ನ ಸೇನಾಧಿಪತಿ ಝಲುಝ್ನಿ 2022ರ ಡಿಸೆಂಬರಿನಲ್ಲಿ ಬಹಿರಂಗವಾಗಿ ಕೇಳಿದ್ದೇನು? 300 ಟ್ಯಾಂಕ್. ಸುಡುವುದನ್ನು ನಮಗಿಂತ ಹತ್ತಿರದಿಂದ ಕಂಡಿದ್ದವರು ಅವರು.

ಇದೆಲ್ಲ ದೂರದ ಮಾತಲ್ಲ. ಟಿ-72ನ್ನು ನಮ್ಮ ಸೇನೆ ಅಜೇಯ ಎಂದು ಕರೆಯುತ್ತದೆ, ಎರಡು ಸಾವಿರದಷ್ಟಿವೆ. ಇವುಗಳನ್ನೂ, ಅದೇ ವಂಶದ ಟಿ-90 ಭೀಷ್ಮವನ್ನೂ ಮಾಡಿದ್ದು ಚೆನ್ನೈ ಪಕ್ಕದ ಆವಡಿಯಲ್ಲಿ. ಟ್ಯಾಂಕ್ ಹೊಡೆಯುವ ಕೊಂಕುರ್ಸ್, ಮಿಲಾನ್ ಕ್ಷಿಪಣಿಗಳನ್ನು ಮಾಡುವುದು ಹೈದರಾಬಾದಿನ ಭಾರತ್ ಡೈನಾಮಿಕ್ಸ್. ಎರಡೂ ಊರಿನಲ್ಲಿ ಈ ಪತ್ರದ ಓದುಗರಿದ್ದೀರಿ. ಗುಡ್ಡದ ಮೇಲೆ ಟ್ಯಾಂಕಿಗೇನು ಕೆಲಸ ಎನ್ನುವವರು 1948ರ ನವೆಂಬರ್ 1ನ್ನು ನೆನೆಯಲಿ. ಕೊಡಗಿನ ಜನರಲ್ ತಿಮ್ಮಯ್ಯನವರು ಸ್ಟುವರ್ಟ್ ಟ್ಯಾಂಕ್‌ಗಳ ಗೋಪುರ ಬಿಚ್ಚಿಸಿ, ಗುಟ್ಟಾಗಿ ಸಾಗಿಸಿ, ಮೂರೂವರೆ ಸಾವಿರ ಮೀಟರ್ ಎತ್ತರದ ಜೋಜಿ ಲಾ ಕಣಿವೆದಾರಿಗೆ ಹತ್ತಿಸಿದರು, ಲಡಾಖಿನ ದಾರಿ ತೆರೆಯಿತು. 2020ರ ಆಗಸ್ಟಿನ ಕೊನೆಯಲ್ಲಿ ಪ್ಯಾಂಗಾಂಗ್‌ನ ದಕ್ಷಿಣದ ಕೈಲಾಸ ಸಾಲಿಗೂ ನಮ್ಮ ಟ್ಯಾಂಕ್‌ಗಳು ಏರಿದವು. ಒಳಗೆ ಇಪ್ಪತ್ತು-ಮೂವತ್ತರ ಹುಡುಗರು, ಕೆಳಗೆ ಅದೇ ಮದ್ದಿನ ತಟ್ಟೆ.

ಹಾಗಾಗಿ ಟ್ಯಾಂಕ್ ಬೇಕೋ ಡ್ರೋನ್ ಬೇಕೋ ಎಂಬ ಟಿವಿ ಚರ್ಚೆ ನಮ್ಮ ಗಮನವನ್ನು ಬೇರೆಡೆ ಎಳೆಯುವ ಆಟ. 2025ರ ಮಾರ್ಚಿನಲ್ಲಿ ರಕ್ಷಣಾ ಸಚಿವಾಲಯ ರಷ್ಯಾದ ಜೊತೆ 24.8 ಕೋಟಿ ಡಾಲರಿನ ಒಪ್ಪಂದಕ್ಕೆ ಸಹಿ ಹಾಕಿತು. ಟಿ-72ರ 780 ಅಶ್ವಶಕ್ತಿಯ ಎಂಜಿನ್ ತೆಗೆದು 1000 ಅಶ್ವಶಕ್ತಿಯದು ಹಾಕಲು. ಒಳ್ಳೆಯದು, ವೇಗವೂ ಒಂದು ಕವಚವೇ. ಆದರೆ ಆ ಒಪ್ಪಂದ ಎಂಜಿನ್ನಿನದು, ತಟ್ಟೆ ಇದ್ದಲ್ಲೇ ಇರುತ್ತದೆ. ಟಿ-72ರ ಜಾಗಕ್ಕೆ ಬರಬೇಕಾದ 1,770 ಹೊಸ ಟ್ಯಾಂಕ್‌ಗಳ ಯೋಜನೆಗೆ 2024ರ ಸೆಪ್ಟೆಂಬರಿನಲ್ಲಿ ಮೊದಲ ಹಂತದ ಒಪ್ಪಿಗೆ ಸಿಕ್ಕಿದೆ. ಅವುಗಳ ತೂಕ ಎಷ್ಟು, ತೋಪು ಎಷ್ಟು ದೊಡ್ಡದು, ದೇಶೀ ಭಾಗ ಶೇಕಡಾ ಎಷ್ಟು ಎಂದು ಬರೆದ ಲೇಖನಗಳನ್ನು ನಾನೇ ಅನುವಾದಿಸಿದ್ದೇನೆ. ಮದ್ದು ಎಲ್ಲಿ, ಮನುಷ್ಯ ಎಲ್ಲಿ ಕೂರುತ್ತಾನೆ, ನಡುವೆ ಉಕ್ಕಿನ ಬಾಗಿಲು ಇದೆಯೇ ಎಂದು ಕೇಳಿದ ಲೇಖನ ಇನ್ನೂ ನನ್ನ ಕೈಗೆ ಬಂದಿಲ್ಲ.