ಇಲಿಯ ಬಿಡುಗಡೆ, ಹಾಡಿನ ಋಣ

2024ರ ಜನವರಿ 1ರಂದು ಅಮೆರಿಕದಲ್ಲಿ ‘ಸ್ಟೀಮ್‌ಬೋಟ್ ವಿಲ್ಲಿ’ ಎಂಬ ಕಿರು ಕಾರ್ಟೂನ್ ಚಿತ್ರದ ಕೃತಿಸ್ವಾಮ್ಯ ಕೊನೆಗೊಂಡಿತು. ಅದರೊಂದಿಗೆ ಮಿಕಿ ಮೌಸ್‌ನ ಆ ಮೊದಲ ರೂಪವೂ ಸಾರ್ವಜನಿಕ ಸ್ವತ್ತಾಯಿತು. ಇಲಿಯ ರೂಪವನ್ನು ಕುರಿತು ನಡೆದಷ್ಟು ಚರ್ಚೆ ಅದರ ಸಂಗೀತವನ್ನು ಕುರಿತು ನಡೆಯಲಿಲ್ಲ. ನನ್ನ ದೃಷ್ಟಿಯಲ್ಲಿ ಈ ಪ್ರಕರಣದ ತಿರುಳಿರುವುದು ಆ ಸಂಗೀತದಲ್ಲಿಯೇ.

1928ರ ನವೆಂಬರ್ 18ರಂದು ನ್ಯೂಯಾರ್ಕಿನಲ್ಲಿ ತೆರೆಕಂಡ ಇದು ಧ್ವನಿಯುಳ್ಳ ಮೊದಲ ಕಾರ್ಟೂನೇನೂ ಅಲ್ಲ. ಮ್ಯಾಕ್ಸ್ ಫ್ಲೈಷರ್ ಬಳಗ ಅದಕ್ಕೂ ಮೊದಲೇ ಹಾಡಿನ ಕಾರ್ಟೂನುಗಳನ್ನು ತಯಾರಿಸಿತ್ತು. ವಾಲ್ಟ್ ಡಿಸ್ನಿ ಬಳಗದ ಹೊಸತನವಿದ್ದುದು ತಾಳದ ಲೆಕ್ಕಾಚಾರದಲ್ಲಿ. ತೆರೆಯ ಮೇಲೆ ಸೆಕೆಂಡಿಗೆ 24 ಚಿತ್ರಗಳು ಓಡುತ್ತವೆ. ಸಂಗೀತದ ಪ್ರತಿ ಪೆಟ್ಟಿಗೆ ಎಷ್ಟು ಚಿತ್ರಗಳು ಬೇಕೆಂಬುದನ್ನು ವಿಲ್ಫ್ರೆಡ್ ಜಾಕ್ಸನ್ ಮೆಟ್ರೊನೋಮ್ ನೆರವಿನಿಂದ ಮೊದಲೇ ಗುಣಿಸಿಟ್ಟರು. ಹೀಗಾಗಿ ನಗೆಯೂ ಸ್ವರವೂ ಒಂದೇ ಗಳಿಗೆಯಲ್ಲಿ ಚಿಮ್ಮಿದವು. ಮೇಕೆಯೊಂದು ಹಾಡಿನ ಹಾಳೆಗಳನ್ನು ನುಂಗುತ್ತದೆ. ಬಾಲ ತಿರುಗಿಸಿದರೆ ಬಾಯಿಂದ ಹಾಡು ಹೊರಡುತ್ತದೆ. ಹಸುವಿನ ಹಲ್ಲುಗಳೇ ವಾದ್ಯವಾಗುತ್ತವೆ. ಮರುವರ್ಷದ ‘ದ ಸ್ಕೆಲಿಟನ್ ಡ್ಯಾನ್ಸ್’ನಲ್ಲಿ ಸಂಗೀತಗಾರ ಕಾರ್ಲ್ ಸ್ಟಾಲಿಂಗ್ ಕಥೆಯ ಹಂಗನ್ನೂ ತೊರೆದರು, ಅಲ್ಲಿ ಅಸ್ಥಿಪಂಜರವೊಂದು ಇನ್ನೊಂದರ ಬೆನ್ನೆಲುಬನ್ನೇ ನುಡಿಸುತ್ತದೆ.

ಆ ಮೇಕೆಯ ಬಾಯಿಂದ ಹೊರಟ ಹಾಡು ಯಾವುದು? ‘ಟರ್ಕಿ ಇನ್ ದ ಸ್ಟ್ರಾ’ ಎಂಬ, 19ನೇ ಶತಮಾನದಿಂದ ಜನರ ಬಾಯಲ್ಲಿದ್ದ ಧಾಟಿ. ಅದನ್ನು ಬಳಸಲು ಡಿಸ್ನಿ ಯಾರ ಅಪ್ಪಣೆಯನ್ನೂ ಪಡೆಯಬೇಕಿರಲಿಲ್ಲ. ಚಿತ್ರದ ಹೆಸರು ಕೂಡ ಬಸ್ಟರ್ ಕೀಟನ್‌ರ ಅದೇ ವರ್ಷದ ‘ಸ್ಟೀಮ್‌ಬೋಟ್ ಬಿಲ್ ಜೂನಿಯರ್’ ಅನ್ನು ನೆನಪಿಸುವಂಥದು.

ಊರ ಕೆರೆಯ ನೀರಿನಿಂದ ಬೆಳೆದ ತೋಟಕ್ಕೆ ಮುಂದೆ ಎತ್ತರದ ಬೇಲಿ ಬಿತ್ತು. 1998ರಲ್ಲಿ ಅಮೆರಿಕದ ಸಂಸತ್ತು ಇಂತಹ ಕೃತಿಗಳ ಸ್ವಾಮ್ಯವನ್ನು 75ರಿಂದ 95 ವರ್ಷಗಳಿಗೆ ವಿಸ್ತರಿಸಿತು. ಅದಕ್ಕಾಗಿ ಒತ್ತಡ ಹೇರಿದವರಲ್ಲಿ ಡಿಸ್ನಿ ಸಂಸ್ಥೆಯೂ ಒಂದು. ಕಲಾವಿದನಿಗೆ ಪ್ರತಿಫಲ ಸಲ್ಲಲೇಬೇಕು, ನಿಜ. ಆದರೆ ವಾಲ್ಟ್ ಡಿಸ್ನಿ 1966ರಲ್ಲಿ, ಚಿತ್ರಗಳನ್ನು ಬರೆದ ಅಬ್ ಐವರ್ಕ್ಸ್ 1971ರಲ್ಲಿ ತೀರಿಕೊಂಡಿದ್ದರು. ಹಾಗಿದ್ದ ಮೇಲೆ ಆ ಹೆಚ್ಚುವರಿ 20 ವರ್ಷಗಳು ಯಾರ ಪ್ರತಿಭೆಯನ್ನು ಪೋಷಿಸಿದವು?

ಇದು ಪರದೇಶದ ಪಾಡೆಂದು ನಾವು ಸುಮ್ಮನಿರುವಂತಿಲ್ಲ. ರವೀಂದ್ರನಾಥ ಠಾಕೂರರ ಕೃತಿಗಳ ಸ್ವಾಮ್ಯ ಮುಗಿಯುವ ಹೊತ್ತಿಗೆ, 1992ರ ತಿದ್ದುಪಡಿಯ ಮೂಲಕ, ನಮ್ಮ ದೇಶವೂ ಈ ಅವಧಿಯನ್ನು 50ರಿಂದ 60 ವರ್ಷಗಳಿಗೆ ಏರಿಸಿತು. ಇನ್ನೊಮ್ಮೆ ಅಂತಹ ಬೇಡಿಕೆ ಬಂದಾಗ, ಬೇಡುವವರು ಜನರ ಭಂಡಾರದಿಂದ ಪಡೆದದ್ದೆಷ್ಟು, ಹಿಂದಿರುಗಿಸಿದ್ದೆಷ್ಟು ಎಂಬ ಲೆಕ್ಕವನ್ನು ನಾವು ಕೇಳಲೇಬೇಕು.