ಕರಕುಶಲ ಊರುಗಳಿಗೆ ಒಂದು ದಿನದ ಪ್ರವಾಸ: ನಮ್ಮ ಆಕ್ಷೇಪಣೆ



ಡಿಸೆಂಬರ್ ಸಮೀಪಿಸುತ್ತಿದ್ದಂತೆ ಮಾಡ್ಬರಿ ಮತ್ತು ಸುತ್ತಲಿನ ಬಡಾವಣೆಗಳ ಕನ್ನಡ ಮನೆಗಳಲ್ಲಿ ಊರಿಗೆ ಹೊರಡುವ ಸಿದ್ಧತೆ ಆರಂಭವಾಗುತ್ತದೆ. ಈ ವರ್ಷ ಆ ಸಿದ್ಧತೆಯೊಡನೆ ಒಂದು ಪ್ರವಾಸದ ಪಟ್ಟಿಯೂ ಮನೆಯಿಂದ ಮನೆಗೆ ಸಾಗುತ್ತಿದೆ. ಬೆಳಿಗ್ಗೆ 6 ಗಂಟೆಗೆ ಬೆಂಗಳೂರಿನಿಂದ ಹೊರಡುವುದು. ರಾಮನಗರದ ರೇಷ್ಮೆಗೂಡಿನ ಮಾರುಕಟ್ಟೆ, ಚನ್ನಪಟ್ಟಣದ ಗೊಂಬೆ, ಮೈಸೂರಿನ ಬೀಟೆಮರದ ಇನ್‌ಲೇ ಕೆಲಸ, ರೇಷ್ಮೆ ಸೀರೆಯ ನೇಯ್ಗೆ ಇವನ್ನೆಲ್ಲ ನೋಡಿ ರಾತ್ರಿ 10ಕ್ಕೆ ಮರಳಿ ಬೆಂಗಳೂರು ಸೇರುವುದು. ಚನ್ನಪಟ್ಟಣಕ್ಕೆ ಮೀಸಲಾದ ಕಾಲ 45 ನಿಮಿಷ. ಅದರಲ್ಲಿ ಕಾಫಿಯೂ ಸೇರಿದೆ. ಮಕ್ಕಳಿಗೆ ನಾಡಿನ ಕಲೆಯ ಪರಿಚಯವಾಗಲಿ ಎಂಬುದು ಇದರ ಉದ್ದೇಶವೆಂದು ಪಟ್ಟಿಯ ತಲೆಯಲ್ಲೇ ಬರೆದಿದ್ದಾರೆ. ಉದ್ದೇಶವನ್ನು ನಾವು ಗೌರವಿಸುತ್ತೇವೆ. ಪಟ್ಟಿಯನ್ನು ಮಾತ್ರ ಒಪ್ಪಲಾರೆವು.

ಈ ಪಟ್ಟಿಯ ಮೂಲ ವಿಯೆಟ್ನಾಂ. ನಮ್ಮಲ್ಲಿ ಕೆಲವು ಕುಟುಂಬಗಳು ರಜೆಗೆ ಹನೋಯಿಗೆ ಹೋಗಿ, ಕುಂಬಾರಿಕೆಯ ಬಾತ್ ಚಾಂಗ್, ರೇಷ್ಮೆಯ ವಾನ್ ಫುಕ್, ಮೆರುಗೆಣ್ಣೆ ಕೆಲಸದ ಹಾ ಥಾಯ್ ಮುಂತಾದ ಊರುಗಳನ್ನು ಒಂದೇ ದಿನದಲ್ಲಿ ಸುತ್ತಿ ಬಂದಿವೆ. ‘ಅವರು ಎಷ್ಟು ಚೆನ್ನಾಗಿ ತೋರಿಸುತ್ತಾರೆ, ನಮ್ಮವರೇಕೆ ತೋರಿಸಬಾರದು’ ಎಂಬ ಮಾತನ್ನು ಯುಗಾದಿಯ ಊಟದ ಪಂಕ್ತಿಯಲ್ಲಿ ನಾವೂ ಕೇಳಿದೆವು. ಮಾತು ನ್ಯಾಯವಾದದ್ದೇ. ಆದರೆ ಅಲ್ಲಿಂದ ಹೊತ್ತು ತಂದದ್ದು ಓಡಾಟವನ್ನು ಮಾತ್ರ. ಬಾತ್ ಚಾಂಗ್‌ನಲ್ಲಿ ಮಗುವೊಂದು ತಿಗರಿಯ ಮುಂದೆ ಕುಳಿತು ಮಣ್ಣು ಮುಟ್ಟಿದರೆ ಅದಕ್ಕೆ ಹಣ ಕೊಡಬೇಕು. ತೋರಿಸುವುದೂ ಕಲಿಸುವುದೂ ಅಲ್ಲಿ ಕೆಲಸವೆನಿಸಿಕೊಂಡಿವೆ. ಮೇಲಾಗಿ ಆ ಊರು ನಿಂತಿರುವುದು ನೋಡಲು ಬಂದವರನ್ನೇ ನಂಬಿಯಲ್ಲ. ಅದರ ಪಾತ್ರೆಗಳಿಗೆ ದೇಶದೊಳಗೆ ಮಾರುಕಟ್ಟೆಯಿದೆ, ಹೊರದೇಶಗಳ ಬೇಡಿಕೆಯಿದೆ. ಈ ಎರಡು ಸಂಗತಿಗಳು ನಮ್ಮವರ ಪಟ್ಟಿಯಲ್ಲಿ ಬರಲೇ ಇಲ್ಲ. ಬಂದದ್ದು ಬಸ್ಸು ಮತ್ತು ಗಡಿಯಾರ.

ಚನ್ನಪಟ್ಟಣದಲ್ಲಿ 45 ನಿಮಿಷಗಳಲ್ಲಿ ಏನನ್ನು ನೋಡಬಹುದು? ಒಂದು ಗೊಂಬೆ ಹುಟ್ಟುವ ಬಗೆಯನ್ನು ತಿಳಿದವರು ಈ ಪ್ರಶ್ನೆಗೆ ನಗುತ್ತಾರೆ. ಬೆಳ್ಳನೆಯ ಹದವಾದ ಆಲೆ ಮರವನ್ನು ಕಡಿದು ತಂದು ಮೊದಲು ಒಣಗಲು ಬಿಡಬೇಕು. ಹಸಿ ಮರ ಮುಂದೆ ಸೀಳುತ್ತದೆ. ಒಣಗಿದ ತುಂಡನ್ನು ಲೇತಿಗೆ ಕಟ್ಟಿ, ತಿರುಗುತ್ತಿರುವಾಗಲೇ ಉಳಿ ಹಿಡಿದು ರೂಪ ಕೊಡಬೇಕು. ಬಳಿಕ ಬಣ್ಣ ಬೆರೆಸಿದ ಅರಗಿನ ಕೋಲನ್ನು ತಿರುಗುವ ಮರಕ್ಕೆ ಒತ್ತಿದರೆ, ಉಜ್ಜಿದ ಕಾವಿಗೆ ಅರಗು ಕರಗಿ ಮರವನ್ನು ಅಪ್ಪುತ್ತದೆ. ಕೊನೆಗೆ ಒಣಗಿದ ಗರಿಯಿಂದ ತೀಡಿದಾಗ ಹೊಳಪು ಏಳುತ್ತದೆ. ಕುಂಚವಿಲ್ಲ, ಡಬ್ಬಿಯ ಬಣ್ಣವಿಲ್ಲ. ಎಷ್ಟು ಒತ್ತಬೇಕು, ಯಾವ ಗಳಿಗೆಯಲ್ಲಿ ಕೈ ತೆಗೆಯಬೇಕು ಎಂಬುದು ಪುಸ್ತಕದಲ್ಲಿಲ್ಲ, ಬೆರಳಿನಲ್ಲಿದೆ. ಟಿಪ್ಪು ಸುಲ್ತಾನನ ಕಾಲದಲ್ಲಿ ಪರ್ಷಿಯಾದ ಕುಶಲಕರ್ಮಿಗಳು ಬಂದು ಕಲಿಸಿದರೆಂಬ ಪ್ರತೀತಿಯೂ, ಬಾವಾಸ್ ಮಿಯಾನ್ ಅವರು ಜಪಾನಿನ ವಿಧಾನಗಳನ್ನು ಇಲ್ಲಿಗೆ ತಂದರೆಂಬ ಮಾತೂ ಊರಿನಲ್ಲಿ ಇಂದಿಗೂ ಜೀವಂತವಾಗಿವೆ. ಭೌಗೋಳಿಕ ಸೂಚ್ಯಂಕದ ಮಾನ್ಯತೆ ದೊರೆತೂ ಎರಡು ದಶಕಗಳಾಗುತ್ತ ಬಂದವು. ಮಾನ್ಯತೆ ಹೆಸರನ್ನು ಕಾಯುತ್ತದೆ. ಹೊಟ್ಟೆಯ ಮಾತು ಬೇರೆ.

2023ರ ಮಾರ್ಚ್ ತಿಂಗಳಲ್ಲಿ ಬೆಂಗಳೂರು–ಮೈಸೂರು ಎಕ್ಸ್‌ಪ್ರೆಸ್ ಹೆದ್ದಾರಿಯ ಉದ್ಘಾಟನೆಯಾಯಿತು. ಹೊಸ ದಾರಿ ರಾಮನಗರ, ಚನ್ನಪಟ್ಟಣ, ಮದ್ದೂರುಗಳನ್ನು ಬದಿಗಿಟ್ಟು ಸಾಗುತ್ತದೆ. ಹಿಂದೆ ಮೈಸೂರಿಗೆ ಹೋಗುವ ಪ್ರತಿ ಕಾರೂ ಗೊಂಬೆಯಂಗಡಿಗಳ ಮುಂದೆಯೇ ಹಾದು ಹೋಗಬೇಕಿತ್ತು. ಹಿಂದಿನ ಸೀಟಿನಿಂದ ಮಕ್ಕಳು ಕೂಗಿದರೆ ಕಾರು ನಿಲ್ಲುತ್ತಿತ್ತು. ಈಗ ಚನ್ನಪಟ್ಟಣಕ್ಕೆ ಹೋಗಬೇಕೆಂದೇ ಹೋಗಬೇಕು. ‘ನೋಡಿ, ಅದಕ್ಕೇ ನಾವು ಹೋಗುತ್ತಿರುವುದು’ ಎಂದು ಪಟ್ಟಿಯ ಪರವಾಗಿರುವ ಹಿರಿಯರೊಬ್ಬರು ನಮಗೆ ಹೇಳಿದರು. ಸರಿ, ಹೋಗುತ್ತೀರಿ. ಆದರೆ ಬಾಡಿಗೆ ಗಾಡಿಯ ಚಾಲಕನು ನಿಮ್ಮನ್ನು ನಿಲ್ಲಿಸುವುದು ತನಗೆ ಕಮಿಷನ್ ದೊರೆಯುವ ದೊಡ್ಡ ಅಂಗಡಿಯ ಮುಂದೆ. ಅಲ್ಲಿ ಅರಗಿನ ಗೊಂಬೆಯ ಪಕ್ಕದಲ್ಲೇ ಎಲ್ಲಿಂದಲೋ ಬಂದ ಪ್ಲಾಸ್ಟಿಕ್ ಆಟಿಕೆಗಳೂ ಇರುತ್ತವೆ. ಲೇತಿನ ಮುಂದೆ ಕುಳಿತವನ ಮನೆ ಒಳಗೇರಿಯಲ್ಲಿದೆ. 45 ನಿಮಿಷಗಳಲ್ಲಿ ಆ ಬಾಗಿಲವರೆಗೆ ಯಾರೂ ನಡೆಯುವುದಿಲ್ಲ.

ಇನ್ನು ಚೌಕಾಸಿ. ಇದನ್ನು ಬರೆಯಲು ಸಂಕೋಚವಾದರೂ ಬರೆಯದೆ ಬಿಡಲಾಗದು. ಟೀ ಟ್ರೀ ಪ್ಲಾಜಾದಲ್ಲಿ ಯಾವ ಕನ್ನಡಿಗರೂ ಬೆಲೆಯ ಚೀಟಿಯನ್ನು ನೋಡಿ ‘ಕೊನೇ ಮಾತು ಹೇಳಪ್ಪಾ’ ಎಂದು ಕೇಳಿದ್ದನ್ನು ನಾವು ಕಂಡಿಲ್ಲ. ನಲ್ಲಿ ದುರಸ್ತಿಗೆ ಬಂದವನು ಮನೆಯ ಮೆಟ್ಟಿಲು ಹತ್ತಿದ್ದಕ್ಕೇ ಕೇಳುವ ಹಣವನ್ನು ಎಲ್ಲರೂ ತೆಪ್ಪಗೆ ಕೊಡುತ್ತಾರೆ. ನಗರದ ಮಾರ್ಫೆಟ್ ಬೀದಿಯಲ್ಲಿ ಜಾಮ್‌ಫ್ಯಾಕ್ಟರಿ ಎಂಬ ಕರಕುಶಲ ಸಂಸ್ಥೆಯಿದೆ. 1973ರಲ್ಲಿ ದಕ್ಷಿಣ ಆಸ್ಟ್ರೇಲಿಯಾ ಸರ್ಕಾರದ ಆಸರೆಯಲ್ಲಿ ಆರಂಭವಾದದ್ದು. ಅಲ್ಲಿ ಗಾಜು ಊದುವವರನ್ನು ನಿಂತು ನೋಡಬಹುದು, ಅವರು ಮಾಡಿದ್ದನ್ನು ಕೊಳ್ಳಬಹುದು. ಒಂದು ಗಾಜಿನ ಬಟ್ಟಲಿಗೆ ಅವರು ಹೇಳಿದ ಬೆಲೆಯನ್ನು ಕೊಟ್ಟು, ಮನೆಗೆ ಬಂದ ಅತಿಥಿಗಳಿಗೆ ‘ಕೈಯಿಂದ ಮಾಡಿದ್ದು’ ಎಂದು ಹೆಮ್ಮೆಯಿಂದ ತೋರಿಸುವವರು ನಮ್ಮ ಸದಸ್ಯರಲ್ಲೇ ಇದ್ದಾರೆ. ಅದೇ ಕೈಗಳು ಚನ್ನಪಟ್ಟಣದಲ್ಲಿ ನೂರು ರೂಪಾಯಿಗಾಗಿ ಜಗ್ಗಾಡುತ್ತವೆ. ನೂರು ರೂಪಾಯಿ ಎಂದರೆ ಎರಡು ಡಾಲರಿಗೂ ಕಡಿಮೆ. ಅಡಿಲೇಡಿನಲ್ಲಿ ಅಷ್ಟಕ್ಕೆ ಅರ್ಧ ಲೋಟ ಕಾಫಿಯೂ ಬಾರದು.

‘ಅಲ್ಲಿ ಎಲ್ಲರೂ ಚೌಕಾಸಿ ಮಾಡುತ್ತಾರೆ, ಹೊರದೇಶದವರೆಂದು ತಿಳಿದರೆ ಬೆಲೆ ಏರಿಸುತ್ತಾರೆ’ ಎಂಬ ಸಮಾಧಾನವನ್ನೂ ಕೇಳಿದ್ದೇವೆ. ಅಂಗಡಿಯವನು ಏರಿಸಬಹುದು; ಅವನೊಡನೆ ಚೌಕಾಸಿ ಮಾಡಿಕೊಳ್ಳಿ, ನಮ್ಮ ಅಡ್ಡಿಯಿಲ್ಲ. ಮಾಡಿದವನೇ ಎದುರಿಗೆ ಕುಳಿತಿರುವಾಗ ಕೇಳಬೇಕಾದ ಪ್ರಶ್ನೆ ಬೇರೆ: ಇದಕ್ಕೆ ಎಷ್ಟು ಹೊತ್ತು ಹಿಡಿಯಿತು? ಉತ್ತರ ಬಂದ ಮೇಲೆ ತಮ್ಮ ಗಂಟೆಯ ಸಂಬಳದೊಡನೆ ತಾಳೆ ನೋಡಿಕೊಳ್ಳಲಿ. ಬಾಯಿ ತಾನಾಗಿ ಮುಚ್ಚುತ್ತದೆ.

ನಮ್ಮ ವೃತ್ತಿ ವೈದ್ಯವೃತ್ತಿ. ಎಂ.ಬಿ.ಬಿ.ಎಸ್. ಓದಿದವರ ಕಣ್ಣು ಗೊಂಬೆಗಿಂತ ಮೊದಲು ಅದನ್ನು ಹಿಡಿದ ಬೆರಳಿನ ಮೇಲೆ ಬೀಳುತ್ತದೆ. ಇದು ಓದಿನ ದೋಷವೆಂದೇ ತಿಳಿಯಿರಿ. ದಿನವಿಡೀ ಬಾಗಿ ಕುಳಿತ ಬೆನ್ನು, ಉಳಿಯನ್ನು ಬಿಗಿಹಿಡಿದ ಮಣಿಕಟ್ಟು, ಮರದ ಹುಡಿ ಸೇರುವ ಮೂಗು ಮತ್ತು ಎದೆ, ಮಂದ ಬೆಳಕಿನಲ್ಲಿ ದಣಿದ ಕಣ್ಣು — ಪ್ರವಾಸದ ಫೋಟೋಗಳಲ್ಲಿ ಇವು ಯಾವುವೂ ಮೂಡುವುದಿಲ್ಲ. ಹಾ ಥಾಯ್‌ನ ಮೆರುಗೆಣ್ಣೆಯೂ ಚನ್ನಪಟ್ಟಣದ ಅರಗೂ ಒಂದೇ ಎಂದು ಒಬ್ಬರು ಬರೆದಿದ್ದರು. ಅಲ್ಲ. ನಮ್ಮ ಅರಗು ಕೀಟದಿಂದ ಬಂದದ್ದು. ಅವರದು ಮರದ ರಸ. ಆ ಮರ ನಮ್ಮ ಗೇರು ಮತ್ತು ಮಾವುಗಳ ಕುಟುಂಬಕ್ಕೆ ಸೇರಿದ್ದು. ಗೇರುಬೀಜದ ಸಿಪ್ಪೆಯ ಎಣ್ಣೆ ತಗುಲಿದರೆ ಚರ್ಮ ಹೇಗೆ ಬೊಬ್ಬೆಯೇಳುತ್ತದೆಂಬುದನ್ನು ಕರಾವಳಿಯ ಸದಸ್ಯರಿಗೆ ಹೇಳಿಕೊಡಬೇಕಿಲ್ಲ. ಆ ಹಸಿ ರಸವನ್ನು ಕಲಸುವ ಕೆಲಸಗಾರರಿಗೂ ಅದೇ ಉರಿ, ಅದೇ ತುರಿಕೆ. ಹೊಳೆಯುವ ತಟ್ಟೆಯನ್ನು ಮೆಚ್ಚಿ ಕೊಂಡವರಿಗೆ ಇದನ್ನು ಹೇಳುವ ಮಾರ್ಗದರ್ಶಿ ಯಾವ ದೇಶದಲ್ಲೂ ವಿರಳ.

ಇದಕ್ಕಿಂತ ಗಂಭೀರವಾದ ವಿಷಯ ಕಲ್ಲಿನದು. ಪಟ್ಟಿಯ ಇನ್ನೊಂದು ಪ್ರತಿಯಲ್ಲಿ ಕೋಲಾರ ಜಿಲ್ಲೆ ಮಾಲೂರು ತಾಲ್ಲೂಕಿನ ಶಿವಾರಪಟ್ಟಣವೂ ಸೇರಿದೆ. ದೇವಾಲಯಗಳಿಗೆ ವಿಗ್ರಹ ಕೆತ್ತಿ ಕೊಡುವ ಶಿಲ್ಪಿಗಳ ಊರು ಅದು. ಉಳಿ–ಸುತ್ತಿಗೆಯ ಜೊತೆಗೆ ವಿದ್ಯುತ್ತಿನ ಕಟ್ಟರುಗಳು ಬಂದಲ್ಲೆಲ್ಲ ಧೂಳು ನುಣುಪಾಗುತ್ತದೆ, ಹೆಚ್ಚುತ್ತದೆ. ಸಿಲಿಕಾ ಇರುವ ಕಲ್ಲಿನ ನುಣುಪು ಧೂಳು ಶ್ವಾಸಕೋಶದ ಆಳಕ್ಕಿಳಿದರೆ ಅಲ್ಲೇ ಉಳಿದು ಗಾಯದ ಕಲೆಯಂತೆ ಗಟ್ಟಿಯಾಗುತ್ತದೆ. ಅದೇ ಸಿಲಿಕೋಸಿಸ್. ವರ್ಷಗಟ್ಟಲೆ ಏನೂ ತಿಳಿಯದು. ತಿಳಿದಾಗ ಹಿಂದಿರುಗಿಸುವ ಔಷಧ ನಮ್ಮ ಕೈಯಲ್ಲಿಲ್ಲ. ಕ್ಷಯ ತಗುಲುವ ಸಂಭವವನ್ನೂ ಅದು ಹೆಚ್ಚಿಸುತ್ತದೆ. ಅಡುಗೆಮನೆಯ ಕಟ್ಟೆಗೆ ಬಳಸುತ್ತಿದ್ದ ಎಂಜಿನಿಯರ್ಡ್ ಸ್ಟೋನ್ ಎಂಬ ಕೃತಕ ಶಿಲೆಯನ್ನು ಕತ್ತರಿಸುತ್ತಿದ್ದ ಯುವಕರು ಈ ರೋಗಕ್ಕೆ ತುತ್ತಾದುದರಿಂದಲೇ ಆಸ್ಟ್ರೇಲಿಯಾ ಅದನ್ನು 2024ರ ಜುಲೈ 1ರಿಂದ ನಿಷೇಧಿಸಿತು. ಹಾಗೆ ನಿಷೇಧಿಸಿದ ಮೊದಲ ದೇಶವಿದು. ಇಲ್ಲಿನ ಕಾರ್ಮಿಕನ ಎದೆಗಾಗಿ ದೇಶವೊಂದು ಒಂದು ಉದ್ಯಮವನ್ನೇ ನಿಲ್ಲಿಸಿತು. ಆ ಸುದ್ದಿಯನ್ನು ಓದಿ ತಲೆದೂಗಿದವರು ಊರಿನ ಶಿಲ್ಪಿಯ ಮೂಗಿಗೆ ಬಟ್ಟೆಯಾದರೂ ಇದೆಯೇ ಎಂದು ನೋಡದೆ ಗಣೇಶನ ವಿಗ್ರಹದ ಬೆಲೆ ಕೇಳಿ ಬಸ್ಸು ಹತ್ತುವುದು ಹೇಗೆ? ನೀರು ಹಾಯಿಸಿ ಕತ್ತರಿಸಿದರೆ ಧೂಳು ಬಹುಮಟ್ಟಿಗೆ ಅಡಗುತ್ತದೆ. ಮುಖಕ್ಕೆ ಸರಿಯಾಗಿ ಕೂರುವ, ಶೋಧಕವಿರುವ ಮುಖಗವಸು ನೆರವಾಗುತ್ತದೆ. ಬಾಯಿಗೆ ಸುತ್ತಿದ ವಸ್ತ್ರದಿಂದ ಪ್ರಯೋಜನವಿಲ್ಲ. ಇವೆರಡೂ ನಮ್ಮ ಸಂಘದ ಶಕ್ತಿಗೆ ಮೀರಿದ ವೆಚ್ಚವಲ್ಲ.

ಪಟ್ಟಿಯಲ್ಲಿ ಇಲ್ಲದ ಊರುಗಳನ್ನೂ ನೆನೆಯಬೇಕು. ಬೀದರಿನ ಬಿದ್ರಿ ಕೆಲಸದಲ್ಲಿ ಸತು–ತಾಮ್ರದ ಎರಕದ ಮೇಲೆ ಬೆಳ್ಳಿಯ ತಂತಿಯನ್ನು ಕೂಡಿಸಿ, ಕೋಟೆಯ ಮಣ್ಣಿಗೆ ನವಸಾಗರ ಬೆರೆಸಿ ಉಜ್ಜುತ್ತಾರೆ. ಲೋಹ ಕಪ್ಪಾಗುತ್ತದೆ, ಬೆಳ್ಳಿ ಬೆಳ್ಳಗೇ ಉಳಿಯುತ್ತದೆ. ಈ ಕಲೆಯ ಶಾಹ್ ರಶೀದ್ ಅಹ್ಮದ್ ಖಾದ್ರಿ ಅವರಿಗೆ 2023ರಲ್ಲಿ ಪದ್ಮಶ್ರೀ ಸಂದಿತು. ಕೊಪ್ಪಳದ ಬಳಿಯ ಕಿನ್ನಾಳದಲ್ಲಿ ಚಿತ್ರಗಾರರು ಹಗುರ ಮರದಲ್ಲಿ ಗೊಂಬೆ ಮಾಡುತ್ತಾರೆ. ಇಳಕಲ್ಲಿನಲ್ಲಿ ಸೀರೆಯ ಒಡಲಿಗೆ ಸೆರಗನ್ನು ತೋಪುತೆನಿಯಿಂದ ಕೂಡಿಸುತ್ತಾರೆ. ಇವರಾರೂ ಬೆಂಗಳೂರಿನಿಂದ ಒಂದು ದಿನದಲ್ಲಿ ಹೋಗಿ ಬರುವ ದೂರದಲ್ಲಿಲ್ಲ; ಆದ್ದರಿಂದ ಪಟ್ಟಿಯ ಪ್ರಕಾರ ಇವರು ಇಲ್ಲವೇ ಇಲ್ಲ. ಹೆದ್ದಾರಿಯ ಪಕ್ಕದಲ್ಲಿರುವುದೇ ಪರಂಪರೆ ಎಂದಾದರೆ ಉತ್ತರ ಕರ್ನಾಟಕದ ಪಾಲಿಗೆ ಉಳಿಯುವುದೇನು? ಈ ಸಂಘದ ಅರ್ಧದಷ್ಟು ಜನ ಆ ಕಡೆಯವರೇ.

ಇಷ್ಟು ಹೇಳಿ ‘ಹೋಗಬೇಡಿ’ ಎನ್ನುವುದಿಲ್ಲ. ಒಂದು ದಿನವಿದ್ದರೆ ಒಂದೇ ಊರಿಗೆ ಹೋಗಿ. ಮುಂಚೆಯೇ ಮಾತಾಡಿ ಒಬ್ಬ ಕುಶಲಕರ್ಮಿಯ ಮನೆಯಲ್ಲಿ ಬೆಳಗಿನಿಂದ ಮಧ್ಯಾಹ್ನದವರೆಗೆ ಕುಳಿತುಕೊಳ್ಳಿ. ಅವರ ಅರ್ಧ ದಿನದ ದುಡಿಮೆ ನಿಲ್ಲುತ್ತದೆ. ಅದಕ್ಕೆ ತಕ್ಕ ಹಣವನ್ನು ಮೊದಲೇ ಗೊತ್ತುಮಾಡಿ ಕೊಡಿ. ಮಕ್ಕಳು ಅವರನ್ನು ಮಾಮ, ಅಜ್ಜ ಎಂದು ಕರೆದು ಕನ್ನಡದಲ್ಲೇ ಪ್ರಶ್ನೆ ಕೇಳಲಿ. ಭಾನುವಾರದ ಕನ್ನಡ ತರಗತಿಯಲ್ಲಿ ಒಂದು ವರ್ಷ ಕಲಿಯದ ಮಾತು ಆ ಅರ್ಧ ದಿನದಲ್ಲಿ ನಾಲಿಗೆಗೆ ಬಂದೀತು. ಬೀಟೆಮರ, ಸೀರೆ ಮುಂದಿನ ವರ್ಷ ಕಾಯುತ್ತವೆ.

ಕಾರ್ಯಕಾರಿ ಸಮಿತಿಗೂ ನಮ್ಮ ಒಂದು ಬೇಡಿಕೆಯಿದೆ. ಪ್ರತಿ ನವೆಂಬರಿನಲ್ಲಿ ರಾಜ್ಯೋತ್ಸವದ ಸ್ಪರ್ಧೆಗಳಿಗೆ ಬಂಗಾರದ ಬಣ್ಣ ಬಳಿದ ಪ್ಲಾಸ್ಟಿಕ್ ಬಟ್ಟಲುಗಳನ್ನು ಪಾರಿತೋಷಕವಾಗಿ ಹಂಚುತ್ತೇವೆ. ವೇದಿಕೆಯ ಮೇಲೆ ‘ನಮ್ಮ ಕಲೆ, ನಮ್ಮ ಪರಂಪರೆ’ ಎಂಬ ಭಾಷಣ. ಮೇಜಿನ ಮೇಲೆ ಯಾವ ನಾಡಿನದೂ ಅಲ್ಲದ ಬಟ್ಟಲು. ಮಾರ್ಚ್ ಬರುವಷ್ಟರಲ್ಲಿ ಅವು ಗ್ಯಾರೇಜಿನ ಮೂಲೆ ಸೇರಿರುತ್ತವೆ. ಅದೇ ಹಣದಲ್ಲಿ ಚನ್ನಪಟ್ಟಣದ ಬುಗುರಿ, ಕಿನ್ನಾಳದ ಗೊಂಬೆ ಕೊಡಲು ಅಡ್ಡಿಯೇನು? ಸಾಗಣೆಯ ವೆಚ್ಚ ಎನ್ನುವಿರಿ. ಡಿಸೆಂಬರಿನಲ್ಲಿ ಊರಿಗೆ ಹೋಗಿ ಮರಳುವ ಕುಟುಂಬಗಳು ತಲಾ ನಾಲ್ಕು ತಂದರೆ ಮುಂದಿನ ನವೆಂಬರಿಗೂ, ನವರಾತ್ರಿಯ ಗೊಂಬೆ ಹಬ್ಬಕ್ಕೂ ಸಾಕು. ಮುಂಗಡ ಕೊಟ್ಟು, ಅವರು ಹೇಳಿದ ಬೆಲೆಗೆ, ಅವರು ಕೇಳಿದ ಅವಧಿಗೆ ಒಪ್ಪಿ ಮಾಡಿಸಬೇಕು. ಪ್ರತಿ ವರ್ಷ ಬರುವ ಒಂದು ಸಣ್ಣ ಬೇಡಿಕೆ, ಫೋಟೋ ತೆಗೆದು ಹೋಗುವ ಹತ್ತು ಬಸ್ಸುಗಳಿಗಿಂತ ಅವರಿಗೆ ಹೆಚ್ಚು ಉಪಯುಕ್ತ. ಮುಂದಿನ ಮಹಾಸಭೆಯ ಕಾರ್ಯಸೂಚಿಯಲ್ಲಿ ಇದನ್ನು ಸೇರಿಸಬೇಕೆಂದು ಈ ಮೂಲಕ ಕೋರುತ್ತೇವೆ. ವಿರೋಧವಿರುವವರು ಅಂದು ಬಂದು ವಾದಿಸಲಿ.

ತಾಯಂದಿರು ಕೇಳುವ ಎರಡು ಪ್ರಶ್ನೆಗಳಿಗೆ ಇಲ್ಲೇ ಉತ್ತರಿಸುತ್ತೇವೆ. 3 ವರ್ಷದೊಳಗಿನ ಮಕ್ಕಳ ಕೈಗೆ ಕಳಚಿ ಬರುವ ಸಣ್ಣ ಮಣಿ, ಗುಂಡು, ಚಕ್ರಗಳಿರುವ ಗೊಂಬೆಯನ್ನು ಕೊಡಬೇಡಿ. ಗಂಟಲಿಗೆ ಸಿಲುಕುವ ಭಯ ಮರದ ಗೊಂಬೆಗೂ ಇದೆ. ಬಣ್ಣ ಯಾವುದೆಂದು ಮಾಡಿದವರನ್ನೇ ಕೇಳಿ, ಅರಗಿನದೆಂದು ಖಚಿತವಾದರೆ ಕೊಳ್ಳಿ. ಎರಡನೆಯದು ಅಡಿಲೇಡ್ ವಿಮಾನ ನಿಲ್ದಾಣದ ಭಯ. ಮರದ ವಸ್ತುಗಳನ್ನು ತರುವುದು ಅಪರಾಧವಲ್ಲ, ಮುಚ್ಚಿಡುವುದು ಅಪರಾಧ. ತೊಗಟೆ, ಹುಳು, ಕೊರೆದ ತೂತುಗಳಿಲ್ಲದ ಗೊಂಬೆಗಳನ್ನು ಚೀಲದ ಮೇಲ್ಭಾಗದಲ್ಲೇ ಇಟ್ಟುಕೊಂಡು, ಪ್ರಯಾಣಿಕರ ಘೋಷಣಾ ಪತ್ರದಲ್ಲಿ ಮರದ ವಸ್ತುಗಳಿವೆಯೇ ಎಂದು ಕೇಳಿರುವಲ್ಲಿ ‘ಹೌದು’ ಎಂದು ಗುರುತು ಹಾಕಿ, ಅಧಿಕಾರಿಗೆ ತೋರಿಸಿ.