ಸಂಪಾದಕರ ಮಾತು: ಮೂರ್ತಿಯವರ ಬೆಳಕು

ಹಳೆಯ ಹಿಂದಿ ಹಾಡುಗಳ ಮಟ್ಟಿಗೆ ನಮ್ಮ ಬೀದರ್ ಶ್ರೀಮಂತ ಊರು. 1956ರವರೆಗೆ ಹೈದರಾಬಾದ್ ರಾಜ್ಯದಲ್ಲಿದ್ದ ಜಿಲ್ಲೆಯಿದು, ಉರ್ದು ಇಲ್ಲಿ ಓಣಿಯ ಮಾತು. ಮೈಲೂರಿನಲ್ಲಾಗಲಿ, ಭಾಲ್ಕಿ, ಔರಾದ್‌ಗಳಲ್ಲಾಗಲಿ ‘ಪ್ಯಾಸಾ’ ಎಂದರೆ ಸಾಕು, ಹಿರಿಯರು ಗುರುದತ್, ಸಾಹಿರ್, ಬರ್ಮನ್ ಎಂದು ಒಂದೇ ಉಸಿರಿಗೆ ಹೇಳುತ್ತಾರೆ. ಕ್ಯಾಮೆರಾ ಯಾರದೆಂದು ಕೇಳಿದರೆ ಮಾತು ನಿಲ್ಲುತ್ತದೆ. ಆ ಕ್ಯಾಮೆರಾ ಕನ್ನಡಿಗರ ಕೈಯಲ್ಲಿತ್ತು. ಛಾಯಾಗ್ರಾಹಕರಿಗೇ ಈ ಸಂಚಿಕೆ ಮೀಸಲಿಟ್ಟದ್ದು ಅದಕ್ಕೇ.

ವಿ.ಕೆ. ಮೂರ್ತಿ ಹುಟ್ಟಿದ್ದು 1923ರಲ್ಲಿ, ಮೈಸೂರಿನಲ್ಲಿ. ಪಿಟೀಲು ನುಡಿಸುತ್ತಿದ್ದರು, ಸ್ವಾತಂತ್ರ್ಯ ಚಳವಳಿಯಲ್ಲಿ ಜೈಲಿಗೂ ಹೋದರು. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು ಮುಂಬೈ ಸೇರಿದರು. 1951ರ ‘ಬಾಜಿ’ಯಲ್ಲಿ ಇನ್ನೂ ಸಹಾಯಕ. ಕನ್ನಡಿಯ ಬಿಂಬದಿಂದ ಶುರುವಾಗುವ ಒಂದು ಕಷ್ಟದ ಶಾಟನ್ನು ತಾವೇ ಸೂಚಿಸಿ ತೆಗೆದುಕೊಟ್ಟರು. ಮರುವರ್ಷದ ‘ಜಾಲ್’ನಿಂದ ಗುರುದತ್ ಅವರ ಕ್ಯಾಮೆರಾಮನ್ ಆದರು.

1959ರ ‘ಕಾಗಜ್ ಕೆ ಫೂಲ್’ ಭಾರತದ ಮೊದಲ ಸಿನೆಮಾಸ್ಕೋಪ್ ಚಿತ್ರ. ಅಗಲ ಪರದೆಯ ಆ ಮಸೂರದ ಮೂಲ ಫ್ರಾನ್ಸಿನದು, 1920ರ ದಶಕದಲ್ಲಿ ಆನ್ರಿ ಕ್ರೆಟಿಯಾನ್ ಮಾಡಿದ್ದು. ಆದರೆ ಖಾಲಿ ಸ್ಟುಡಿಯೋದೊಳಗೆ ಮೇಲಿನಿಂದ ಇಳಿಯುವ ಬಿಸಿಲು ಕೋಲು ಯಾವ ಮಸೂರದಿಂದಲೂ ಬಂದದ್ದಲ್ಲ. ಮೂರ್ತಿ ಹೊರಗೊಂದು ದೊಡ್ಡ ಕನ್ನಡಿ ಇಡಿಸಿ ಸೂರ್ಯನ ಬೆಳಕನ್ನು ಒಳಗೆ ತಿರುಗಿಸಿದರು. ಮಾಡಿನ ಹತ್ತಿರ ಇನ್ನೊಂದು ಕನ್ನಡಿ ಅದನ್ನು ಹಿಡಿದು ನೆಲಕ್ಕೆ ಇಳಿಸಿತು. ಚಿತ್ರ ಓಡಲಿಲ್ಲ. ಆ ಬೆಳಕನ್ನು ಮಾತ್ರ ನೋಡಿದವರು ಮರೆತಿಲ್ಲ.

ನನಗೆ ಇನ್ನೂ ಹೆಚ್ಚು ಹಿಡಿಸುವುದು 1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ನ ಮುಜ್ರಾ. ನಡುವಿನ ನರ್ತಕಿಯ ಮೇಲೆ ಬೆಳಕಿದೆ, ಸುತ್ತ ಕುಣಿಯುವವರ ಮುಖಗಳೆಲ್ಲ ನೆರಳಿನಲ್ಲೇ ಉಳಿಯುತ್ತವೆ. ಅವರು ಕದಲುತ್ತಾರೆ, ನೆರಳು ಕದಲುವುದಿಲ್ಲ! ನಮ್ಮ ಬಿದರಿ ಕೆಲಸದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಕೋಟೆಯ ಮಣ್ಣು ತಿಕ್ಕಿ ಕಪ್ಪು ಸರಿಯಾಗಿ ಕೂತ ಮೇಲೆಯೇ ಅವರ ಬೆಳ್ಳಿ ಹೊಳೆಯುವುದು.

ಅದೇ ಕಾಲದಲ್ಲಿ ಬಂಗಾಳದಲ್ಲಿ ಇನ್ನೊಂದು ದಾರಿ ತೆರೆಯಿತು. ಫ್ರಾನ್ಸಿನ ಕ್ಲೋದ್ ರೆನ್ವಾರ್ ‘ದಿ ರಿವರ್’ ಚಿತ್ರೀಕರಿಸುವುದನ್ನು ನೋಡುತ್ತ ನಿಂತ ಹುಡುಗ ಸುಬ್ರತ ಮಿತ್ರ ಮುಂದೆ ‘ಪಥೇರ್ ಪಾಂಚಾಲಿ’ಗೆ ಕ್ಯಾಮೆರಾ ಹಿಡಿದರು. ಕನ್ನಡದಲ್ಲಿ ‘ಘಟಶ್ರಾದ್ಧ’ದ ಎಸ್. ರಾಮಚಂದ್ರ ಅವರ ಕೆಲಸ ಈ ಇಬ್ಬರ ಪಕ್ಕದಲ್ಲಿಟ್ಟು ನೋಡುವಂಥದ್ದು.

2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಮೂರ್ತಿಯವರಿಗೆ ಬಂತು. ಛಾಯಾಗ್ರಾಹಕರೊಬ್ಬರಿಗೆ ಅದು ಸಂದದ್ದು ಅದೇ ಮೊದಲು, ಬಹಳ ತಡವಾಗಿ. 2014ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು. ಉಮಾ ರಾವ್ ಬರೆದ ‘ಬಿಸಿಲು ಕೋಲು’ ಅವರ ಬದುಕನ್ನು ಕನ್ನಡದಲ್ಲಿ ಉಳಿಸಿದೆ. ಸಿಕ್ಕರೆ ಖಂಡಿತ ಓದಿ.

ಕೊನೆಗೊಂದು ಕೋರಿಕೆ. ನಮ್ಮ ಜಿಲ್ಲೆಯ ಟಾಕೀಸುಗಳಲ್ಲಿ ಪ್ರೊಜೆಕ್ಟರ್ ನಡೆಸಿದವರು, ಫೋಟೊ ಸ್ಟುಡಿಯೋ ಇಟ್ಟವರು ನಿಮ್ಮ ಮನೆಯಲ್ಲೋ ಓಣಿಯಲ್ಲೋ ಇದ್ದರೆ ಅವರನ್ನು ಮಾತಾಡಿಸಿ, ಬರೆದು ಕಳಿಸಿ. ಮುಂದಿನ ಸಂಚಿಕೆಯಲ್ಲಿ ಅವರಿಗಾಗಿ ಜಾಗ ಬಿಟ್ಟಿದ್ದೇವೆ.